ನಮ್ಮನೆಯ ಮೌನ ನಟ

ನನ್ನ ತಮ್ಮ ಭುವನ್ ಸಿನಿಮಾ ನಟ. ಯಾವ ಸಿನಿಮಾ ಎಂದು ಮಾತ್ರ ಕೇಳಬೇಡಿ, ಅವು ಥಿಯೇಟರಿಗೆ ಬರುವ ಜಾತಿಯವಲ್ಲ. ಗೆಳೆಯರ ದುಡ್ಡಿನಲ್ಲಿ ತಯಾರಾಗಿ, ಯಾವುದೋ ದೇಶದ ಚಿತ್ರೋತ್ಸವದಲ್ಲಿ ಹತ್ತಿಪ್ಪತ್ತು ಜನರ ಮುಂದೆ ಓಡಿ, ಆಮೇಲೆ ಡೈರೆಕ್ಟರ ಲ್ಯಾಪ್‌ಟಾಪಿನಲ್ಲಿ ಹಾಯಾಗಿ ಮಲಗುತ್ತವೆ.

ಎಲ್ಲದರಲ್ಲೂ ಇವನದು ಬಾಯಿ ಬಿಡದ ಪಾತ್ರ. ಒಂದರಲ್ಲಿ ಸೂರತ್ತಿನ ವರಾಛಾ ಬಡಾವಣೆಯ ವಜ್ರದ ಕಾರ್ಖಾನೆಯಲ್ಲಿ ಕೂತು ಕಿಟಕಿ ನೋಡಿದ. ಇನ್ನೊಂದರಲ್ಲಿ ಗೋರ್ವಾ ಎಂಬಲ್ಲಿನ ಫ್ಯಾಕ್ಟರಿ ಗೇಟಿನ ಮುಂದೆ ನಿಂತು ಬೀಡಿ ಸೇದಿದ. ಮಾತು ರೆಕಾರ್ಡ್ ಮಾಡಲು ದುಡ್ಡಿಲ್ಲದ್ದೇ ಅಸಲಿ ಕಾರಣ. ವಿಮರ್ಶಕರು ಅದನ್ನು ಮೌನದ ಭಾಷೆ ಎಂದು ಹೊಗಳಿದರು. ಇವನೂ ನಂಬಿ, ಮೌನದ ಬಗ್ಗೆ ಗಂಟೆಗಟ್ಟಲೆ ಇಂಟರ್‌ವ್ಯೂ ಕೊಟ್ಟ. ಉಪಗ್ರಹಗಳ ಕೆಲಸ ಮಾಡಿ ನಿವೃತ್ತರಾದ ನಮ್ಮಪ್ಪ ಬಾಲಕೃಷ್ಣರಾಯರು, ಸುಮ್ಮನೆ ಕೂರಲು ಮನೆಯ ಸೋಫಾ ಸಾಲದೇ ಎನ್ನುತ್ತಿದ್ದರು.

ಅಷ್ಟರಲ್ಲಿ ಬೆಂಗಳೂರಿನ ಡೈರೆಕ್ಟರೊಬ್ಬರು ಸೂರತ್ತಿನ ಉಡುಪಿ ಹೋಟೆಲಿನವರ ಮೇಲೆ ಕನ್ನಡ ಸಿನಿಮಾ ಮಾಡಲು ಬಂದರು. ಅದರಲ್ಲಿ ಭುವನ್‌ಗೆ ಹೋಟೆಲ್ ಮಾಲೀಕನ ಮಗನ ಪಾತ್ರ. ಕೊನೆಯಲ್ಲಿ ತಂದೆಯ ಎದುರು ನಿಂತು ಉದ್ದಕ್ಕೆ ಮಾತಾಡಬೇಕು. ಇವನ ಕನ್ನಡವೋ, ದೇವರೇ ಗತಿ. ಅಹಮದಾಬಾದಿನ ಬೋಪಾಲ್ ಬಡಾವಣೆಯ ನಮ್ಮ ಫ್ಲ್ಯಾಟಿನ ಬಾಲ್ಕನಿಯಲ್ಲಿ ಅಪ್ಪ ದಿನಾ ಸಂಜೆ ಪಾಠ ಶುರುಮಾಡಿದರು. ಅಪ್ಪ ಮಗ ಅಷ್ಟು ಹೊತ್ತು ಎದುರುಬದುರು ಕೂತದ್ದನ್ನು ನಾನು ಅಲ್ಲಿಯವರೆಗೆ ನೋಡಿರಲಿಲ್ಲ. ತನ್ನ ಮಾತನ್ನು ಅಪ್ಪ ಒಮ್ಮೆ ಪರದೆಯ ಮೇಲೆ ಕೇಳಿದರೆ ಸಾಕು, ಬೇರೆ ಅವಾರ್ಡ್ ಬೇಡ ಎಂದು ಭುವನ್ ನನ್ನ ಬಳಿ ಹೇಳಿದ. ನನಗೆ ಅಳು ಬಂತು.

ಅಹಮದಾಬಾದಿನ ಕನ್ನಡ ಸಂಘದಲ್ಲಿ ಪ್ರದರ್ಶನ. ಆ ದೃಶ್ಯ ಬಂತು. ತುಟಿ ಇವನದು, ದನಿ ಯಾರದೋ! ಗಂಭೀರ ಕಂಠ, ಸೊಗಸಾದ ಕನ್ನಡ. ಡೈರೆಕ್ಟರು ಇವನಿಗೆ ಸುಳಿವೂ ಕೊಡದೆ ಬೆಂಗಳೂರಿನಲ್ಲಿ ಡಬ್ಬಿಂಗ್ ಮಾಡಿಸಿದ್ದರು. ಸಭೆ ಎದ್ದು ನಿಂತು ಚಪ್ಪಾಳೆ ತಟ್ಟಿತು. ಅಕ್ಕಪಕ್ಕದವರೆಲ್ಲ ಅಪ್ಪನ ಕೈ ಕುಲುಕಿದರು. ಅಪ್ಪ ಎದೆಯುಬ್ಬಿಸಿ, ಪ್ರತಿಯೊಂದು ಮಾತನ್ನೂ ನಾನೇ ಹೇಳಿಕೊಟ್ಟದ್ದು ಎಂದರು.

ಎರಡು ಮಾತಾಡಲು ಕಾರ್ಯದರ್ಶಿಗಳು ಭುವನನನ್ನು ವೇದಿಕೆಗೆ ಕರೆದರು. ಹೋಗುವ ಮೊದಲು ಅವನು ಅಪ್ಪನ ಕಿವಿಯ ಬಳಿ ಬಗ್ಗಿದ.

"ಅಪ್ಪ, ಅದು ನನ್ನ ವಾಯ್ಸ್ ಅಲ್ಲ."

"ನಂಗೊತ್ತಾಗಲ್ವೇನೋ? ಅಲ್ಲಿ ಹೋಗಿ ಬಾಯಿ ಬಿಡಬೇಡ. ಕೈ ಮುಗಿದು ಇಳಿದು ಬಾ."

ಹಾಗೇ ಮಾಡಿದ. ಹುಡುಗನಿಗೆ ಎಷ್ಟು ವಿನಯ ಎಂದರು ಜನ. ಎಲ್ಲರಿಗಿಂತ ಜೋರಾಗಿ ಅಪ್ಪನೇ ಚಪ್ಪಾಳೆ ತಟ್ಟುತ್ತಿದ್ದರು. ಆ ಕೈಗಳನ್ನು ಹಿಡಿದು ನಿಲ್ಲಿಸಬೇಕೆನ್ನುವಷ್ಟು ಸಿಟ್ಟು ಬಂತು ನನಗೆ.