ಮೂರಡಿ ಆಳದಲ್ಲಿ

“ಇನ್ನೊಂದು ಏಟು ಹಾಕ್ಬೇಡಿ ದ್ಯಾಮಣ್ಣ,” ಎನ್ನುತ್ತಲೇ ಧನಲಕ್ಷ್ಮಿ ಸ್ಮಶಾನದ ಗೇಟು ದಾಟಿ ದಾಪುಗಾಲು ಹಾಕಿಕೊಂಡು ಬಂದಳು.

ಸೊಂಟದ ಮಟ್ಟದ ಗುಂಡಿಯಲ್ಲಿ ನಿಂತಿದ್ದ ದ್ಯಾಮಣ್ಣ ಎತ್ತಿದ ಹಾರೆಯನ್ನು ಮೆಲ್ಲಗೆ ಇಳಿಸಿದ. ಅವಳ ಅಪ್ಪ ಭರಮಪ್ಪನಿಗೆಂದು ತೋಡುತ್ತಿದ್ದ ಗುಂಡಿ ಅದು. ನಿನ್ನೆ ಮಧ್ಯಾಹ್ನ ಉಂಡು ಮಲಗಿದ ಅಪ್ಪ ಎದ್ದಿರಲಿಲ್ಲ. ಹೆಣ ಇನ್ನೂ ಹೆಬ್ಬಗೋಡಿಯ ಬಾಡಿಗೆ ಮನೆಯ ಮುಂದೆ, ಶಾಮಿಯಾನದ ಕೆಳಗೆ, ಗಾಜಿನ ಪೆಟ್ಟಿಗೆಯಲ್ಲಿತ್ತು. ಗುಂಡಿ ತೋಡುವ ಕಡೆ ಮನೆಯ ಹೆಣ್ಣುಮಕ್ಕಳು ಬರುವ ರೂಢಿ ಇರಲಿಲ್ಲ. ಆದರೆ ಚಿರಂಜೀವಿ ಫೋನ್ ಮಾಡಿ, ಮಣ್ಣಿನಲ್ಲಿ ಏನೋ ಸಿಕ್ಕಿದೆ, ನೀನೇ ಬಂದು ನೋಡಬೇಕು ಅಕ್ಕ ಎಂದಿದ್ದ. ಚಿರಂಜೀವಿ ಈಗ ಕಂಪನಿಗಳಿಗೆ ಕ್ಯಾಬ್ ಓಡಿಸುತ್ತಾನೆ. ಹದಿನೈದು ವರ್ಷದ ಹಿಂದೆ, ರಜೆಯ ದಿನ ವಠಾರದಲ್ಲಿ ಅಪ್ಪನ ಸುತ್ತ ಸೇರುತ್ತಿದ್ದ ಭಾನುವಾರದ ಮಕ್ಕಳಲ್ಲಿ ಒಬ್ಬನಾಗಿದ್ದ.

ಅವಳು ಅಂಚಿನಲ್ಲಿ ಕುಕ್ಕರುಗಾಲಿನಲ್ಲಿ ಕೂತು ಬಗ್ಗಿ ನೋಡಿದಳು. ಮೂಲೆಯಲ್ಲಿ ನಿಲ್ಲಿಸಿದ ಚಪ್ಪಡಿ ಕಲ್ಲಿನ ತುದಿ, ಅದಕ್ಕೆ ಒರಗಿಕೊಂಡು ಒಂದು ಮಡಕೆ. ಬಾಯಿ ಕಪ್ಪು, ಹೊಟ್ಟೆ ಕೆಂಪು. ಹಾರೆ ತಗುಲಿ ಒಂದು ಪಕ್ಕ ಸೀಳಿತ್ತು. ಸೀಳಿನೊಳಗಿನ ಬೂದುಮಣ್ಣಿನಲ್ಲಿ ಬೆರಳುದ್ದದ ಮೂಳೆಯ ಚೂರು ಕಾಣುತ್ತಿತ್ತು.

“ಇದು ನಮ್ ಕಾಲದ್ದಲ್ಲ ಕಣವ್ವ,” ಎಂದ ದ್ಯಾಮಣ್ಣ. “ನಲವತ್ತು ವರ್ಷದಿಂದ ತೋಡ್ತಿವ್ನಿ. ಇಂಗೆ ಕಲ್ಲು ನಿಲ್ಸಿ, ಮಡಕೇಲಿಟ್ಟು ಊಳಿದ್ದು ಕಂಡಿಲ್ಲ.”

ಪಕ್ಕದಲ್ಲಿ ಸ್ಮಶಾನ ಸಮಿತಿಯ ನಂಜಪ್ಪ ನಿಂತಿದ್ದರು. ಭರಮಪ್ಪ ಇಪ್ಪತ್ತಾರು ವರ್ಷ ಇದ್ದದ್ದು ಅವರ ವಠಾರದಲ್ಲೇ. ಮಡಕೆಯನ್ನು ಎತ್ತಿ ಪಕ್ಕಕ್ಕಿಟ್ಟು ಕೆಲಸ ಮುಗಿಸಿ, ಹೊತ್ತು ಮುಳುಗುವುದರೊಳಗೆ ಮಣ್ಣಾಗಬೇಕು ಎಂದು ಅವರು ದ್ಯಾಮಣ್ಣನಿಗೆ ಆಗಲೇ ಎರಡು ಸಲ ಹೇಳಿಯಾಗಿತ್ತು.

*

ಭರಮಪ್ಪ ಚಿತ್ರದುರ್ಗದ ಕಡೆಯವನು. ಹರೆಯದಲ್ಲಿ ಎಂಟು ವರ್ಷ, ಭೂಮಿ ಅಗೆದು ಹಳೆಯ ಊರುಗಳನ್ನು ಹುಡುಕುವ ಮೇಷ್ಟ್ರುಗಳ ಬಳಿ ಕೂಲಿ ಮಾಡಿದ್ದ. ಮಂಕರಿ ಹೊರಲು ಸೇರಿದವನ ಕೈ ಹಗುರವೆಂದು ಕಂಡು ಅವರು ಬ್ರಶ್ ಕೊಟ್ಟರು. ಅಗೆತ ನಿಂತಮೇಲೆ ಹೆಂಡತಿ ಮಾರಕ್ಕನನ್ನು ಕರೆದುಕೊಂಡು ಇಲ್ಲಿಗೆ ಬಂದು ಒಂದು ಕಾರ್ಖಾನೆಯ ಗೇಟು ಕಾಯುವ ಕೆಲಸ ಹಿಡಿದ. ಆರು ದಿನ ಗೇಟು, ಏಳನೆಯ ದಿನ ವಠಾರದ ಮಕ್ಕಳು.

ಹಳೆಯ ಡ್ರಮ್ಮಿನಲ್ಲಿ ಪದರ ಪದರವಾಗಿ ಮಣ್ಣು ತುಂಬುತ್ತಿದ್ದ. ತಳದಲ್ಲಿ ತಾನೇ ಒಡೆದ ಕುಡಿಕೆಯ ಚೂರು, ಅದರ ಮೇಲೆ ತೂತಿನ ಕಾಸು, ಎಲ್ಲಕ್ಕೂ ಮೇಲೆ ಬಸ್ ಟಿಕೆಟ್ಟು. ಮಕ್ಕಳು ಬಣ್ಣದ ಬ್ರಶ್ ಹಿಡಿದು ಒಂದೊಂದೇ ಪದರ ಬಿಡಿಸಬೇಕು. ಏನೇ ಸಿಕ್ಕಲಿ, ತೆಗೆಯುವ ಮೊದಲು ನೋಟ್‌ಬುಕ್ಕಿನಲ್ಲಿ ಬರೆಯಬೇಕು. ಯಾವ ಪದರ, ಎಷ್ಟು ಗೇಣು, ಪಕ್ಕದಲ್ಲಿ ಏನಿತ್ತು. ತಮಿಳು, ತೆಲುಗು, ಒಡಿಯಾ ಮನೆಮಾತಿನ ಮಕ್ಕಳೂ ‘ಪದರ’ ಎಂಬ ಪದವನ್ನು ಅಲ್ಲೇ ಕಲಿತರು.

ಧನಲಕ್ಷ್ಮಿಗೆ ಒಂಬತ್ತು ವರ್ಷವಿದ್ದಾಗ, ಕೆರೆ ಹೂಳು ತೆಗೆದ ಕಡೆ ಅವಳಿಗೊಂದು ಕರಿಯ ಮಡಕೆ ಚೂರು ಸಿಕ್ಕಿತು. ಕನ್ನಡಿಯಂತೆ ಹೊಳೆಯುತ್ತಿತ್ತು. ಲಂಗದ ಮಡಿಲಲ್ಲಿಟ್ಟುಕೊಂಡು ಗೇಟಿನವರೆಗೂ ಓಡಿ ಅಪ್ಪನ ಅಂಗೈಗೆ ಹಾಕಿದಳು. ಅವನು ತಿರುಗಿಸಿ ನೋಡಿ, “ಎಲ್ಲಿತ್ತು ಇದು? ಎಷ್ಟು ಆಳದಾಗೆ?” ಎಂದು ಕೇಳಿದ.

ಅವಳಿಗೆ ಗೊತ್ತಿರಲಿಲ್ಲ. ಪಾಳಿ ಮುಗಿಸಿ ಅವಳನ್ನು ಕೆರೆಗೆ ಕರೆದೊಯ್ದ. ಕತ್ತಲಾಗುವವರೆಗೂ ಹುಡುಕಿದರು, ಜಾಗ ಸಿಗಲಿಲ್ಲ.

“ಅಲ್ಲಿದ್ದಾಗ ಮಾತಾಡ್ತಿತ್ತು ಕಣವ್ವ. ಕಿತ್ತು ತಂದ್ಯಲ್ಲ, ಈಗ ಬರೀ ಚೂರು,” ಎಂದ. ಬೈಯಲಿಲ್ಲ, ದನಿ ಏರಿಸಲೂ ಇಲ್ಲ. ಆದರೂ ಅವಳು ಆಮೇಲೆ ಯಾವ ಭಾನುವಾರವೂ ಡ್ರಮ್ಮಿನ ಬಳಿ ಕೂರಲಿಲ್ಲ. ಉಡುಗೊರೆ ಒಯ್ದವಳಿಗೆ ಪ್ರಶ್ನೆ ಸಿಕ್ಕಿತ್ತು. ಆ ಮುನಿಸು ದೊಡ್ಡವಳಾದ ಮೇಲೂ ಪೂರ್ತಿ ಕರಗಿರಲಿಲ್ಲ. ಒಳಗೆ ಕಿಟಕಿಯ ಹತ್ತಿರ ಹೋಮ್‌ವರ್ಕ್ ಮಾಡುತ್ತಾ ಅಪ್ಪ ಹೇಳಿದ್ದನ್ನೆಲ್ಲ ಕೇಳಿಸಿಕೊಂಡಿದ್ದಳು, ಅಷ್ಟೇ.

*

“ಆ ಮಡಕೆ ಮುಟ್ಟೋದು ಬೇಡ. ಅಪ್ಪನಿಗೆ ಬೇರೆ ಕಡೆ ತೋಡಿ,” ಎಂದಳು ಧನಲಕ್ಷ್ಮಿ.

ನಂಜಪ್ಪ ಸಿಟ್ಟಾಗಲಿಲ್ಲ. ಅವರಿಗಿದ್ದದ್ದು ಹೆದರಿಕೆ. ಈಗಾಗಲೇ ಸ್ಮಶಾನದ ಅರ್ಧ ಲೇಔಟಿನ ರಸ್ತೆಗೆ ಹೋಗಿದೆ. ಇನ್ನು ಪುರಾತತ್ವ ಇಲಾಖೆಯವರು ಬಂದು ಬೇಲಿ ಹಾಕಿಬಿಟ್ಟರೆ ಊರಿನವರು ಸತ್ತವರನ್ನು ಎಲ್ಲಿಗೆ ಹೊರಬೇಕು? “ನನ್ನ ಎಂಡ್ತಿ ಅಲ್ಲೇ ಮಲಗವ್ಳೆ, ನೋಡು,” ಎಂದು ಹೊಂಗೆ ಮರದ ಬುಡ ತೋರಿಸಿದರು. “ನಾಳೆ ನಾನೂ ಅವಳ ಪಕ್ಕಕ್ಕೇ ಬರಬೇಕು. ಮುಚ್ಚಾಕ್ಬಿಡವ್ವ. ಯಾರಿಗೂ ಗೊತ್ತಾಗೋದು ಬೇಡ.”

ಅವರು ಹೇಳಿದ್ದು ಸುಳ್ಳಾಗಿರಲಿಲ್ಲ. ಗೋಡೆಯಾಚೆ ಕಟ್ಟುತ್ತಿದ್ದ ಅಪಾರ್ಟ್‌ಮೆಂಟಿನ ಕ್ರೇನು ತಿರುಗುತ್ತಿತ್ತು.

“ರಸ್ತೆಯೋರು ಕೇಳಿದಾಗ ಈ ಸ್ಮಶಾನ ಎಷ್ಟು ಹಳೇದು ಅಂತ ತೋರ್ಸೋಕೆ ನಮ್ಮತ್ರ ಏನಿತ್ತು ನಂಜಪ್ಪಣ್ಣ?” ಎಂದಳು ಧನಲಕ್ಷ್ಮಿ. “ಒಂದು ಚೀಟಿ ಇರ್ಲಿಲ್ಲ. ಅದಕ್ಕೇ ಅರ್ಧ ಹೋಯ್ತು. ಇದನ್ನ ಮುಚ್ಚಿದ್ರೆ ಮಿಕ್ಕಿದ್ದೂ ಹೋಗುತ್ತೆ. ಇಲಾಖೆಗೆ ನನ್ನ ಹೆಸರಲ್ಲೇ ಬರ್ಕೊಡ್ತೀನಿ. ಅವ್ರು ಬಂದಾಗ ನಾನೇ ಎದುರಿಗೆ ನಿಂತ್ಕೋತೀನಿ.”

ನಂಜಪ್ಪ ಗುಂಡಿಯ ಅಂಚಿಗೆ ಬಂದು ಮಡಕೆಯನ್ನು ಬಗ್ಗಿ ನೋಡಿದರು. ಆಮೇಲೆ, ಬೇರೆ ಗುಂಡಿ ತೋಡುವವರೆಗೆ ಹೆಣವನ್ನು ಕಾಯಿಸುವುದು ಸರಿಯಲ್ಲ, ಅದಕ್ಕೆ ನಿಮ್ಮವ್ವ ಒಪ್ಪಬೇಕಲ್ಲ ಎಂದರು. ಚಿರಂಜೀವಿ ಫೋನ್ ಹಚ್ಚಿ ಸ್ಪೀಕರಿಗೆ ಹಾಕಿದ. ಮಾರಕ್ಕ ಎಲ್ಲವನ್ನೂ ಕೇಳಿಸಿಕೊಂಡಳು.

“ಕಾಯ್ತಾರೆ ಬಿಡ್ರಿ,” ಎಂದಳು. “ಅವರಿಗೆ ಅವಸರ ಯಾವತ್ತಿತ್ತು?”

ಧನಲಕ್ಷ್ಮಿ ಮಡಕೆಯ ಪಕ್ಕ ಅಳತೆಗೆ ಪೆನ್ನಿಟ್ಟು ನಾಲ್ಕು ಕಡೆಯಿಂದ ಫೋಟೊ ತೆಗೆದಳು. ಗೇಣು ಹಾಕಿ ಆಳ ಅಳೆದಳು. ಕಲ್ಲು ಯಾವ ದಿಕ್ಕಿಗಿದೆ, ಮಣ್ಣಿನ ಬಣ್ಣ ಎಲ್ಲಿ ಬದಲಾಗುತ್ತದೆ, ಮೂಳೆ ಯಾವ ಪಕ್ಕ, ಎಲ್ಲವನ್ನೂ ಬರೆದುಕೊಂಡಳು. ನಡುವೆ ಒಮ್ಮೆ ನಿಲ್ಲಿಸಿ, ಮೂಗೊರೆಸಿಕೊಂಡು ಮತ್ತೆ ಬರೆದಳು. ಪುರಾತತ್ವ ಇಲಾಖೆಗೆ ಮೂರನೆಯ ಸಲ ಮಾಡಿದಾಗ ಒಬ್ಬರು ಫೋನ್ ಎತ್ತಿದರು. ನಾಳೆ ಹತ್ತಕ್ಕೆ ಬರುತ್ತೇವೆ, ಅಲ್ಲಿಯವರೆಗೆ ಯಾರೂ ಮುಟ್ಟಬಾರದು ಎಂದರು.

ಮೂವತ್ತು ಹೆಜ್ಜೆ ಆಚೆ ದ್ಯಾಮಣ್ಣ ಹೊಸ ಗುಂಡಿ ಹಿಡಿದ. ಈ ಸಲ ಹಾರೆ ಬೀಸಲಿಲ್ಲ, ಗುದ್ದಲಿಯಲ್ಲಿ ತೆಳ್ಳಗೆ ಕೆರೆದ. ಸುದ್ದಿ ತಿಳಿದು ಭಾನುವಾರದ ಮಕ್ಕಳು ಒಬ್ಬೊಬ್ಬರಾಗಿ ಬಂದರು. ಒಬ್ಬ ಪಾಳಿ ಮುಗಿಸಿ ಕಾರ್ಖಾನೆಯ ಸಮವಸ್ತ್ರದಲ್ಲೇ ಬಂದಿದ್ದ. ದಿವ್ಯಾ ಎನ್ನುವವಳು ಕೊರಳಲ್ಲಿ ಕಂಪನಿಯ ಐಡಿ ಕಾರ್ಡು ಹಾಗೇ ಬಿಟ್ಟುಕೊಂಡು, ಬಂದ ಪ್ರತಿ ಮಂಕರಿ ಮಣ್ಣನ್ನೂ ಕೈಯಲ್ಲಿ ಜಾಲಾಡಿ ನೋಡಿ, ಏನೂ ಇಲ್ಲವೆಂದು ತಲೆಯಾಡಿಸುತ್ತಿದ್ದಳು. ನಂಜಪ್ಪ ಮನೆಗೆ ಹೋಗಿ ನೀಲಿ ಟಾರ್ಪಾಲು ತಂದರು. ಹಳೆಯ ಗುಂಡಿಯ ಮೇಲೆ ಹೊದಿಸಿ, ನಾಲ್ಕೂ ಮೂಲೆಗೆ ತಾವೇ ಕಲ್ಲು ಹೇರಿದರು.

ಸೂರ್ಯ ಗೋಡೆಯ ಮೇಲಿದ್ದಾಗ ಭರಮಪ್ಪನನ್ನು ಇಳಿಸಿದರು. ಮಗಳು ಬಂದಮೇಲೆ ತಾಯಿಯನ್ನು ಯಾರೂ ತಡೆಯಲಿಲ್ಲ. ಮಾರಕ್ಕನೂ ಹೆಣದ ಹಿಂದೆಯೇ ಬಂದಿದ್ದಳು. ಮೂರು ಹಿಡಿ ಮಣ್ಣು ಹಾಕಿದಳು. ಗುಂಡಿ ತುಂಬಿದ ಮೇಲೆ ದಿಬ್ಬದ ಮೇಲಿಟ್ಟ ಸೇವಂತಿಗೆ ಹಾರದಿಂದ ಮೊಳದಷ್ಟನ್ನು ಹರಿದುಕೊಂಡು, ಯಾರನ್ನೂ ಕೇಳದೆ, ಟಾರ್ಪಾಲಿನ ಕಡೆಗೆ ನಡೆದಳು. ಅದರ ಅಂಚಿನಲ್ಲಿ ಮಂಡಿಯೂರಿ, ಗಾಳಿಗೆ ಹಾರದಂತೆ ಹೂವನ್ನು ಒಂದು ಕಲ್ಲಿನ ಅಡಿಗೆ ಸಿಕ್ಕಿಸಿದಳು.