ಸೂರ್ಯ ಮೊಣಕಾಲಿಗೆ ಬಂದ ದಿನ

ಚರಪರ, ಚರಪರ, ಅಪ್ಪನ ಕಾಲಿಗೆ ತೊಡಿಸಿದ ನೀಲಿ ಪ್ಲಾಸ್ಟಿಕ್ ಚೀಲದ ಸದ್ದು, ಕೂತಲ್ಲೇ ಪಾದ ಅಲ್ಲಾಡಿಸುತ್ತಾನೆ, ಒಳಗೆ ನಾನು ಹೆಣೆದ ಉಣ್ಣೆಯ ಕಾಲುಚೀಲದ ಕೆಂಪು ಹಳದಿ ಮಂಕಾಗಿ ಕಾಣುತ್ತಿದೆ — ಇದೇನವ್ವಾ, ನನ್ ಕಾಲ್ನ ಮೂಟೆ ಕಟ್ಬುಟ್ಟೆ, ಅಂದಿದ್ದ ಬಾಗಿಲಲ್ಲಿ, ಆಸ್ಪತ್ರೆ ನೆಲ ಕೊಳೆ ಆಗಬಾರ್ದಂತಪ್ಪ, ಹಂಗಾದ್ರೆ ನೆಲಕ್ಕೆ ಹೊದಿಸ್ಬೇಕಿತ್ತು, ನನ್ ಕಾಲೇನ್ ಮಾಡ್ತು — ಬೆಂಚಿನ ಮೇಲೆ ಸಾಲಾಗಿ ಕೂತವರೆಲ್ಲ ನಕ್ಕರು, ಅವರಿಗೆಲ್ಲ ನಮ್ಮ ಮಾತು ಅರ್ಥವಾಗುತ್ತದೆ, ಈ ಖೋರೊಗ್ ಪೇಟೆಯಲ್ಲಿ ಜನ ನಗುವುದು, ಬೈಯುವುದು, ಮಕ್ಕಳನ್ನು ಕರೆಯುವುದು ಎಲ್ಲ ಬೆಟ್ಟದ ಮಾತುಗಳಲ್ಲೇ, ಬಾಗಿಲು ದಾಟಿ ಯಾವುದಾದರೂ ಕಚೇರಿಯೊಳಗೆ ಕಾಲಿಟ್ಟರೆ ಮಾತ್ರ ಎಲ್ಲರ ಬಾಯಿಗೂ ರಾಜ್ಯಭಾಷೆ ತಾಜಿಕ್ ಬಂದುಬಿಡುತ್ತದೆ, ಕಾಲಿಗೆ ಈ ನೀಲಿ ಚೀಲ ಬಂದ ಹಾಗೆ. ತೊಡಿಸುವವಳು ನಾನೇ, ಬರ್ತಾಂಗ್ ಕಣಿವೆಯ ಶಾಲೆಯ ನಿಸೋರ್‌ಮೋ ಟೀಚರ್, ಇಪ್ಪತ್ತೆರಡು ವರ್ಷದಿಂದ ರಾಜ್ಯಭಾಷೆಯ ಪಾಠ, ಹೊರಗಿನ ಮಣ್ಣು ಒಳಗೆ ಬರಬಾರದು, ಅಷ್ಟೇ ನನ್ನ ಕೆಲಸ. ಬೆಳಗಿನ ಜೀಪಿನಲ್ಲಿ ಅಪ್ಪ ದಾರಿಯುದ್ದಕ್ಕೂ ಹಾಡಿಕೊಂಡು ಬಂದ, ಎರಡೂ ಕಣ್ಣಿಗೆ ಪೊರೆ, ಕಣ್ಣಿನ ಡಾಕ್ಟರು ಆಪರೇಷನ್ ಸುಲಭ ಎಂದಿದ್ದರು, ಆದರೆ ಆಮೇಲೆ ಅಲ್ಲಾಡದೆ ಮಲಗಬೇಕು, ಕಣ್ಣು ಉಜ್ಜಬಾರದು, ಹೇಳಿದ್ದು ಕೇಳಬೇಕು, ಈ ಅಜ್ಜನಿಗೆ ಬುದ್ಧಿ ನೆಟ್ಟಗಿದೆಯೋ ಇಲ್ಲವೋ, ಕೇಳಿದ್ದಕ್ಕೆ ಏನೇನೋ ಹೇಳ್ತಾರೆ, ಮೆದುಳಿನ ಡಾಕ್ಟರಿಂದ ಒಂದು ಚೀಟಿ ತನ್ನಿ, ಇಲ್ಲದಿದ್ದರೆ ನಾನು ಕಣ್ಣು ಮುಟ್ಟೋದಿಲ್ಲ. ಏನೇನೋ ಅಲ್ಲ ಡಾಕ್ಟರೇ, ಅದು ನಮ್ಮ ಮಾತು — ಹೇಳಬೇಕಿತ್ತು, ಹೇಳಲಿಲ್ಲ. ಎರಡು ಚಳಿಗಾಲದ ಹಿಂದೆ ಅಪ್ಪನ ಬಾಯಿಂದ ಮೊದಲು ಸೈನ್ಯದಲ್ಲಿ ಕಲಿತ ರಷ್ಯನ್ ಹೋಯಿತು, ಆಮೇಲೆ ಪೇಟೆಯಲ್ಲಿ ಕಲಿತ ತಾಜಿಕ್ ಹೋಯಿತು, ಒಂದೊಂದೇ ಅಂಗಿ ಕಳಚಿಟ್ಟಂತೆ, ಈಗ ಉಳಿದಿರುವುದು ಅಜ್ಜಿ ತೊಟ್ಟಿಲಲ್ಲಿ ಕೊಟ್ಟದ್ದು ಮಾತ್ರ, ಬೇರೆಯದು ಕಿವಿಗೆ ಅಷ್ಟಿಷ್ಟು ತಿಳಿಯುತ್ತದೆ, ನಾಲಿಗೆ ತಿರುಗುವುದಿಲ್ಲ.

ಅಪ್ಪನ ಹೆಬ್ಬೆರಳು, ಉಗುರು ನಡುವೆ ಸೀಳಿದ ಹೆಬ್ಬೆರಳು, ಈಗ ಬೆಂಚಿನ ಅಂಚನ್ನು ಒತ್ತುತ್ತ ಕೂತಿದೆ, ಅದೇ ಬೆರಳು ನನ್ನ ಕಾಲುಗುರಿನ ಮೇಲೆ ಬಂದು ಕೂರುತ್ತಿತ್ತು ನನಗೆ ಐದು ವರ್ಷವಾದಾಗ, ಮನೆಯ ಚಾವಣಿಯ ಮೇಲೆ ನೆಟ್ಟ ಕಲ್ಲಿನ ಪಕ್ಕ, ನೋಡು ತಾಯಿ, ಎದುರು ಬೆಟ್ಟದ ಸೀಳಿನಾಗೆ ಸೂರ್ಯ ಎದ್ದ, ಇವತ್ತಿಂದ ಮನುಷ್ಯನ ಒಳಕ್ ಬಂದ, ಮೂರು ದಿನ ಕಾಲುಗುರಿನಾಗಿರ್ತಾನೆ, ಮೂರು ದಿನ ಪಾದದ ಮೇಲೆ, ಮೂರು ದಿನ ಕಾಲಗಂಟು, ಮೂರು ದಿನ ಮೀನಖಂಡ, ಆಮೇಲೆ ಮೊಣಕಾಲು, ಮೊಣಕಾಲಿಗ್ ಬಂದ್ರೆ ನೇಗಿಲು ಕಟ್ಟು — ಕಚಗುಳಿ, ನಾನು ಕಿರುಚುತ್ತಿದ್ದೆ, ಬಿಡಪ್ಪಾ ಬಿಡು, ತಲೆ ತನಕ ಹತ್ತಬೇಕಲ್ಲ ಮಗಾ, ಬೇಸಿಗೆ ಬೇಡವೇನೇ ನಿಂಗೆ. ಇಡೀ ಊರು ನನ್ನಪ್ಪ ಖದಮ್‌ಶೋನ ಎಣಿಕೆ ಕೇಳಿಯೇ ನೆಲ ಉಳುತ್ತದೆ, ಈಗಲೂ. ಪೇಟೆಯಿಂದ ಬರುವ ಕ್ಯಾಲೆಂಡರನ್ನು ಅವನು ಕಾಗದದ ವಸಂತ ಎಂದು ಅಣಕಿಸುತ್ತಾನೆ, ಮಾರ್ಚ್ ಇಪ್ಪತ್ತೊಂದು ಅಂತ ಬರೆದ್ರೆ ಬೆಟ್ಟ ಓದ್ಕೊಂಡು ಬಿಸಿಯಾಗ್ತದಾ. ಈ ವರ್ಷ ಅಪ್ಪನಿಗೆ ಬೆಟ್ಟವೂ ಕಾಣಲಿಲ್ಲ, ಸೀಳೂ ಕಾಣಲಿಲ್ಲ, ವಾರದಿಂದ ದಿನಾ ಮುಂಜಾನೆ ಕಲ್ಲಿಗೆ ಒರಗಿ ಕೂತು, ಬಂತಾ ತಾಯಿ, ಇನ್ನೂ ಇಲ್ಲಪ್ಪ, ಬಂತಾ ತಾಯಿ, ಇನ್ನೂ ಇಲ್ಲ, ಇಪ್ಪತ್ತೊಂದರ ದಿನ ಶಾಲೆಯಲ್ಲಿ ನೌರೋಜ್, ಹೊಸ ವರ್ಷದ ಹಬ್ಬ, ಮೂವತ್ತು ಮಕ್ಕಳಿಂದ ಬಾಯಿಪಾಠ ಒಪ್ಪಿಸಿಕೊಳ್ಳಬೇಕು, ಮೇಲಿನವರು ನೋಡಲು ಬರುತ್ತಾರೆ, ಒಂದು ಕೈಯಲ್ಲಿ ಕಾಗದದ ಹೂವು, ಇನ್ನೊಂದರಲ್ಲಿ ರೊಟ್ಟಿ ತುಂಡು, ಬಂತಾ ತಾಯಿ — ಬಂತಪ್ಪ. ಬೆಟ್ಟದ ಕಡೆ ನಾನು ಕತ್ತು ಕೂಡ ತಿರುಗಿಸಲಿಲ್ಲ. ಕ್ಯಾಲೆಂಡರಿನಲ್ಲಿ ಇಪ್ಪತ್ತೊಂದು ಇತ್ತು, ಅಷ್ಟೇ ನಾನು ನೋಡಿದ್ದು. ಅಪ್ಪನ ಮುಖ ಅರಳಿತು, ಎರಡೂ ಕೈ ಎದೆಗೆ ಹಚ್ಚಿ ನಮಸ್ಕಾರ ಹೇಳಿದ, ಇಲ್ಲದ ಸೂರ್ಯನಿಗೆ. ಆರು ದಿನ ಕಳೆದ ಮೇಲೆ ಶಾಲೆಗೆ ಹೋಗುವಾಗ ನಿಜವಾದ ಸೂರ್ಯ ಸೀಳಿನಲ್ಲಿ ಬಂದು ಕೂತಿದ್ದ, ದುಂಡಗೆ, ಸ್ವಲ್ಪವೂ ಆಚೀಚೆ ಇಲ್ಲ, ದಾರಿಯಲ್ಲಿ ನಿಂತು ನೋಡಿದೆ, ಮನೆಗೆ ಬಂದು ಬಾಯಿ ಬಿಡಲಿಲ್ಲ.

ಖದಮ್‌ಶೋ, ಖದಮ್‌ಶೋ ಯಾರು, ಒಳಗೆ ಬನ್ನಿ — ದಪ್ಪನೆಯ ನರ್ಸಮ್ಮ, ನಮ್ಮ ಪಕ್ಕದ ಶುಗ್ನಾನ್ ಕಣಿವೆಯವಳು, ಮುಖ ನೋಡಿದರೆ ಗೊತ್ತಾಗುತ್ತದೆ, ಆದರೂ ತಾಜಿಕ್‌ನಲ್ಲೇ ಕರೆದಳು, ನಾನೂ ತಾಜಿಕ್‌ನಲ್ಲೇ ಬಂದೆವು ಎಂದೆ. ಮೆದುಳಿನ ಡಾಕ್ಟರ್ ಇಸ್ಮತುಲ್ಲೊ ಕೆಳಗಿನ ಬಯಲಿನ ಹುಡುಗ, ಕಣ್ಣ ಕೆಳಗೆ ನಿದ್ದೆಗೆಟ್ಟ ಕಪ್ಪು, ಕೆಟ್ಟವನಲ್ಲ, ಅಪ್ಪನ ಕೈ ಹಿಡಿದು ತಾನೇ ಕುರ್ಚಿಗೆ ಕೂರಿಸಿದ, ಅಜ್ಜಾ, ಆರಾಮಾಗಿ ಕೂತ್ಕೊಳ್ಳಿ, ಫಾರಂ ಎಳೆದುಕೊಂಡ, ಮಾತೃಭಾಷೆ ಎನ್ನುವ ಕಡೆ ಮೊದಲೇ ಅಚ್ಚಾಗಿದೆ, ತಾಜಿಕ್, ಬರೆಯುವ ಕೆಲಸವೇ ಇಲ್ಲ. ಅಜ್ಜಾ, ಇವತ್ತು ತಾರೀಖು ಎಷ್ಟು? ಅಪ್ಪ ನಮ್ಮ ಮಾತಿನಲ್ಲಿ ಉತ್ತರ ಹೇಳಿದ. ನಾನು ಬಾಯಿ ತೆರೆದೆ, ಅವರು ಹೇಳ್ತಿರೋದು — ಅಕ್ಕಾ, ದಯವಿಟ್ಟು, ಮನೆಯವರು ಹೇಳಿಕೊಡುವ ಹಾಗಿಲ್ಲ, ನಿಯಮ, ರಾಜ್ಯಭಾಷೆಯಲ್ಲಿ ಬಂದ ಉತ್ತರ ಮಾತ್ರ ಬರೆಯಬೇಕು, ಆಡುಮಾತು ಬೇಡ, ಭಾಷೆಯಲ್ಲಿ ಹೇಳಲಿ. ಆಡುಮಾತು ಬೇಡ, ಭಾಷೆಯಲ್ಲಿ ಹೇಳು — ಇದು ನನ್ನ ವಾಕ್ಯ, ನನ್ನದೇ ದನಿ ಗೋಡೆಗೆ ಬಡಿದು ಹಿಂದೆ ಬಂದಿತು, ನನ್ನ ಶಾಲೆಯಲ್ಲಿ ಒಂದು ದಿನ ಒಂದನೇ ತರಗತಿಯ ಪುಟ್ಟ ಝೈನುರಾ ಎದ್ದು ನಿಂತು ಕಾಲು ಕೂಡಿಸಿಕೊಂಡು ಏನೋ ಕೇಳಿದಳು, ಭಾಷೆಯಲ್ಲಿ ಕೇಳು ಝೈನುರಾ, ಅವಳಿಗೆ ಬರಲಿಲ್ಲ, ನಾನು ಕಾದೆ, ಎಲ್ಲರೂ ಕಾದೆವು, ಬೆಂಚಿನ ಕೆಳಗೆ ಸಣ್ಣಗೆ ನೀರು ಹರಿಯಿತು, ಮಗು ಅಳಲೂ ಇಲ್ಲ, ಅಳುವುದಕ್ಕೂ ಯಾವ ಭಾಷೆಯೋ ಎಂದು ಹೆದರಿರಬೇಕು, ನಾನೇ ಒರೆಸಿದೆ, ಆ ರಾತ್ರಿ ಊಟ ಸೇರಲಿಲ್ಲ, ಮರುದಿನ ಮತ್ತೆ ಅದೇ ವಾಕ್ಯ ಹೇಳಿದೆ. ಅಜ್ಜಾ, ಇವತ್ತು ಯಾವ ದಿನ ಗೊತ್ತಾ, ಎರಡನೇ ಸಲ ಕೇಳಿದ ಡಾಕ್ಟರು, ಮೂರನೇ ಸಲ ಕೇಳಿದ ಮೇಲೆ ಸೊನ್ನೆ ಬರೆಯುತ್ತಾನೆ, ಸೊನ್ನೆ ಬರೆದರೆ ಚೀಟಿ ಇಲ್ಲ, ಚೀಟಿ ಇಲ್ಲದಿದ್ದರೆ ಕಣ್ಣಿಲ್ಲ, ಅಪ್ಪ ಕತ್ತಲೆಯಲ್ಲೇ ಹೋಗಿಬಿಡುತ್ತಾನೆ, ಇನ್ನೊಂದು ಸಲ ಆ ಸೀಳನ್ನು ನೋಡದೆ.

ಆಗ ಅಪ್ಪ ಮಾತು ಬಿಟ್ಟ, ಕೈ ಚಾಚಿ ನನ್ನನ್ನು ತಡವಿದ, ತೋಳು, ಮಡಿಲು, ನನ್ನ ಮೊಣಕಾಲು ಸಿಕ್ಕಿತು, ಹೆಬ್ಬೆರಳು ಅದರ ಮೇಲೆ ಕೂತಿತು, ಎರಡು ಸಲ ಒತ್ತಿದ. ಮೊಣಕಾಲು ನೋವಾ ಅಜ್ಜಾ, ಎಂದ ಡಾಕ್ಟರು, ಪೆನ್ನು ಕಾಗದಕ್ಕೆ ಇಳಿಯುತ್ತಿದೆ — ಇಲ್ಲ ಸಾರ್, ನಿಲ್ಲಿ, ಬರೀಬೇಡಿ, ನೋವಲ್ಲ, ಅವರು ತಾರೀಖು ಹೇಳ್ತಿದಾರೆ, ಎಂದವಳು ನಾನೇ, ಎದ್ದು ನಿಂತಿದ್ದೇನೆ, ನನ್ನ ಕಾಲಿನ ನೀಲಿ ಚೀಲ ಕಿತ್ತು ಬಿಸಾಡಿ ಬಗ್ಗಿ ಬೆರಳಿಟ್ಟು ತೋರಿಸುತ್ತಿದ್ದೇನೆ, ಉಗುರು, ಪಾದ, ಕಾಲಗಂಟು, ಮೀನಖಂಡ, ಮೊಣಕಾಲು, ಮೊದಲು ನಮ್ಮ ಮಾತಿನಲ್ಲಿ, ಆಮೇಲೆ ಡಾಕ್ಟರ ತಾಜಿಕ್‌ನಲ್ಲಿ, ಸೂರ್ಯ ಇಪ್ಪತ್ತೊಂದರಿಂದ ಮೂರು ಮೂರು ದಿನ, ಇವತ್ತು ಮೊಣಕಾಲಿನ ಎರಡನೇ ದಿನ, ಮನೆಯಲ್ಲಿ ಆಡಿದ ಮಾತು ಇಷ್ಟು ಗಟ್ಟಿಯಾಗಿ ಕಚೇರಿಯಲ್ಲಿ ಆಡಿದ್ದು ಇದೇ ಮೊದಲು, ನಾಚಿಕೆ ಆಗುತ್ತಿಲ್ಲ. ಡಾಕ್ಟರು ಗೋಡೆಯ ಕ್ಯಾಲೆಂಡರಿಗೆ ಬೆರಳಿಟ್ಟು ಎಣಿಸಿದ, ತುಟಿ ಅಲ್ಲಾಡಿತು, ಇಪ್ಪತ್ತೊಂದರಿಂದ ಹನ್ನೆರಡು ದಿನ, ಆಮೇಲೆ ಎರಡು — ಏಪ್ರಿಲ್ ಮೂರು, ಅರೆ, ಸರಿಯಾಗಿದೆ, ಮಗುವಿನ ಹಾಗೆ ನಕ್ಕುಬಿಟ್ಟ, ನನಗೂ ಒಂದೊಂದು ಸಲ ತಾರೀಖು ಮರೆತುಹೋಗುತ್ತೆ. ಮೂಲೆಯಲ್ಲಿದ್ದ ನರ್ಸಮ್ಮನಿಗೆ ತಡೆಯಲಾಗಲಿಲ್ಲ, ನಮ್ಮ ಕಡೆ ಮಾತಿನಲ್ಲೇ ಅಂದಳು, ಏನಜ್ಜೋ, ನಮ್ ಶುಗ್ನಾನ್‌ನಾಗೇ ಇನ್ನೂ ಮೀನಖಂಡದಾಗೈತೆ, ವರ್ಷಾ ವರ್ಷಾ ನಿಮ್ ಬರ್ತಾಂಗ್‌ನೋರು ನಮಗಿಂತ ಮೂರು ದಿನ ಹಿಂದೆ, ಈ ಸಲ ಅದೆಂಗ್ ಮುಂದೆ ಓಡುದ್ರಿ, ಸೂರ್ಯನ್ನ ಜೀಪಿನಾಗ್ ಕೂರಿಸ್ಕಂಡ್ ಬಂದ್ರಾ? ಅಪ್ಪನ ಪೊರೆಗಣ್ಣು ನನ್ನ ಕಡೆ ತಿರುಗಿತು, ಆಮೇಲೆ ನರ್ಸಮ್ಮನ ಕಡೆ, ನಿಮ್ ಬೆಟ್ಟ ಸೋಮಾರಿ ಕಣಮ್ಮ, ಸೂರ್ಯನೂ ಅಲ್ಲಿ ಎದ್ದೇಳಾಕೆ ತಡ ಮಾಡ್ತಾನೆ, ನಮ್ ಕಡೆ ನನ್ ಮಗಳು ಕಣ್ಣಾರೆ ನೋಡವ್ಳೆ. ನರ್ಸಮ್ಮ ಹೊಟ್ಟೆ ಹಿಡಿದು ನಕ್ಕಳು, ಏನಂದ್ರು, ಏನಂದ್ರು, ಎಂದ ಡಾಕ್ಟರು, ಅವಳು ತಾಜಿಕ್ ಮಾಡಿ ಹೇಳಿದಳು, ಬುದ್ಧಿ ನನಗಿಂತ ಚುರುಕಾಗಿದೆ ಎಂದು ಅವನು ಚೀಟಿ ಬರೆದ, ಮಾತೃಭಾಷೆಯ ಕಡೆ ಪೆನ್ನು ಒಂದು ಕ್ಷಣ ನಿಂತಿತು, ನಿಂತು ಮುಂದೆ ಹೋಯಿತು, ಮುದ್ರೆ ಬಿತ್ತು.

ಕಾರಿಡಾರು, ಬೆಂಚು, ಚೀಟಿ ನನ್ನ ಕೈಯಲ್ಲಿ ಒದ್ದೆ, ನಾಡಿದ್ದು ಆಪರೇಷನ್, ಕಣ್ಣು ಬರುತ್ತದೆ, ಬರುವ ವರ್ಷ ತಾನೇ ಕಲ್ಲಿಗೆ ಒರಗಿ ಸೀಳನ್ನು ನೋಡುತ್ತಾನೆ, ಆಗ ತಿಳಿಯುತ್ತದೆ, ಈಗಲೇ ಹೇಳಿಬಿಡಲೇ, ಅಪ್ಪ, ನಾನು ನೋಡಿರಲಿಲ್ಲ, ನಾನು ಹೇಳಿದ್ದು ಕಾಗದದ ದಿನ, ನಿನ್ನ ಎಣಿಕೆಯಲ್ಲಿ ಸುಳ್ಳು ಸೇರಿಸಿದವಳು ನಾನು, ಸರಿಯುತ್ತರ ಬಂದದ್ದೂ ಆ ಸುಳ್ಳಿನಿಂದಲೇ, ಯಾವ ಬಾಯಿಂದ ಹೇಳಲಿ, ಇಷ್ಟು ಮಾತು ಕಲಿಸಿದವಳಿಗೆ ಈ ಒಂದು ಮಾತು ಬರುತ್ತಿಲ್ಲ — ಇರು ತಾಯಿ, ಈ ಮೂಟೆ ನಾನೇ ಬಿಚ್ಕತೀನಿ, ಎಂದು ಅಪ್ಪ ಬಗ್ಗಿದ, ಚರಪರ, ಪ್ಲಾಸ್ಟಿಕ್ ಕಳಚಿತು, ಕೈ ಮೇಲೆ ಬರಲಿಲ್ಲ, ಪಕ್ಕಕ್ಕೆ ತಡಕಾಡುತ್ತ ನನ್ನ ಮೊಣಕಾಲು ಹುಡುಕಿತು, ಹೆಬ್ಬೆರಳು ಅಲ್ಲಿ ಸ್ವಲ್ಪ ಹೊತ್ತು ಕೂತಿತು, ಆಮೇಲೆ ಮೆಲ್ಲಗೆ ಕೆಳಗೆ ಜಾರಿತು, ಮೀನಖಂಡ, ಇನ್ನೂ ಕೆಳಗೆ, ಕಾಲಗಂಟು, ಅಲ್ಲಿ ನಿಂತಿತು, ನಿಜವಾದ ಸೂರ್ಯ ಇವತ್ತು ಇರುವಲ್ಲೇ, ಉಗುರು ಸೀಳಿದ ಹೆಬ್ಬೆರಳು, ನನ್ನ ಕಾಲಗಂಟಿನ ಮೇಲೆ, ಮೆತ್ತಗೆ ಒತ್ತಿ, ಬೆಚ್ಚಗೆ, ಹೆಬ್ಬೆರಳು