ಮಣ್ಣುಜರಿಯ ಬೆನ್ನು

“ಐವತ್ತಾರು ಜೋಡಿ,” ಎಂದು ಅವನು ಸೂಕ್ಷ್ಮದರ್ಶಕದಿಂದ ತಲೆಯೆತ್ತದೆ ಹೇಳಿದ.

ದೊಡ್ಡ ಮೇಡಂ ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. “ಏನಪ್ಪಾ, ಹೊಸ ವಂಶ ಸೃಷ್ಟಿ ಮಾಡ್ತಿದೀಯಾ? ಮಣ್ಣುಜರಿಗೆ ಇಪ್ಪತ್ತೇಳು ಜೋಡಿ ಕಾಲಿರ್ಬಹುದು, ನೂರತೊಂಬತ್ತೊಂದೂ ಇರ್ಬಹುದು. ಯಾವಾಗ್ಲೂ ಬೆಸಸಂಖ್ಯೆನೇ, ಸರಿಸಂಖ್ಯೆ ಮಾತ್ರ ಹುಡುಕಿದ್ರೂ ಸಿಗಲ್ಲ. ಇದನ್ನ ನಿಂಗೆ ನಾನು ಹೇಳ್ಬೇಕಾ?”

ಹೇಳಬೇಕಿರಲಿಲ್ಲ. ಸಂಗ್ರಹಾಲಯದ ಈ ಹಿಂದಿನ ಕೋಣೆಯಲ್ಲಿ ಕೂತು, ಮಣ್ಣಿನಲ್ಲಿ ಬದುಕುವ, ನೂಲಿನೆಳೆಯಂಥ ಹಳದಿ ಶತಪದಿ ಹುಳುಗಳ ಕಾಲೆಣಿಸುವುದೇ ಎಷ್ಟೋ ವರ್ಷದಿಂದ ಅವನ ಹೊಟ್ಟೆಪಾಡು. ಮೇಡಂ ಪಕ್ಕದ ಸೀಸೆಗಳನ್ನು ಎತ್ತೆತ್ತಿ ಚೀಟಿ ಓದಿದರು. ಈಚೆಗೆ ಅವನು ಬರೆದದ್ದೆಲ್ಲ ಸರಿಸಂಖ್ಯೆಯೇ. ಒಂದು ಹುಳುವನ್ನು ತಾವೇ ಮಸೂರದಡಿ ಇಟ್ಟು ನೋಡಿ, ಉಸ್ಸಪ್ಪಾ ಎಂದು ಕುರ್ಚಿಗೊರಗಿದರು.

“ಕೊನೇ ಜೋಡಿ ಬಿಟ್ಟುಬಿಟ್ಟಿದೀಯ. ಎಲ್ಲದ್ರಲ್ಲೂ.”

ಆ ಜೋಡಿ ನಡೆಯುವುದಕ್ಕೆ ಬರುವುದಿಲ್ಲ. ಹಿಂದೆ ಏನಿದೆಯೆಂದು ತಡವಿ ನೋಡುವುದಷ್ಟೇ ಅದರ ಕೆಲಸ. ಅದನ್ನು ಅವನ ಕಣ್ಣು ಲೆಕ್ಕಕ್ಕೇ ಹಿಡಿದಿರಲಿಲ್ಲ. ನಾಚಿಕೆಯಾಗಬೇಕಿತ್ತು, ಏನೂ ಆಗಲಿಲ್ಲ. ಹೆಂಡತಿ ತೀರಿಕೊಂಡಾಗಿನಿಂದ ಅವನಿಗೆ ಏನೂ ಆಗುತ್ತಿರಲಿಲ್ಲ. ಯಾರು ಏನು ಕೇಳಿದರೂ ‘ಆಯ್ತು’. ಮಗುವನ್ನು ನಾನೇ ಸಾಕ್ತೀನಿ, ನಮ್ಮೂರ ಶಾಲೆಗೇ ಸೇರಿಸ್ತೀನಿ ಎಂದು ಅತ್ತೆ ಹೇಳಿದಾಗಲೂ ‘ಆಯ್ತು’ ಎಂದಿದ್ದ. ಇವತ್ತು ಕೆಲಸ ಬಿಡುವ ಹೊತ್ತಿಗೆ ಅವರು ಇಲ್ಲಿಗೇ ಬಂದು ಕರೆದೊಯ್ಯುವುದೆಂದು ಮಾತಾಗಿತ್ತು. ಮಗಳ ಬಟ್ಟೆಯ ಚೀಲ ಬಾಗಿಲ ಪಕ್ಕದಲ್ಲಿತ್ತು.

ಮಗಳು ಎತ್ತರದ ಸ್ಟೂಲಿನ ಮೇಲೆ ಕೂತು ಕಾಲಾಡಿಸುತ್ತಿದ್ದಳು. ಅವಳಿಗೆ ಬೇಜಾರಾದೀತೆಂದು ಮೇಡಂ ಮಣ್ಣು ತುಂಬಿದ ಒಂದು ಗಾಜಿನ ಡಬ್ಬಿಯನ್ನು ಅಲುಗದಂತೆ ತಂದಿಟ್ಟರು. ಒಳಗೆ ತಾಯಿ ಜರಿಯೊಂದು ತನ್ನ ಮೊಟ್ಟೆಗಳ ಸುತ್ತ ಸುರುಳಿಯಾಗಿ ಮಲಗಿತ್ತು.

“ಮುಚ್ಚಳ ಮುಟ್ಬೇಡ ಪುಟ್ಟಿ. ಗಾಬರಿಯಾದ್ರೆ ಮೊಟ್ಟೆನೆಲ್ಲ ತಾನೇ ತಿಂದ್ಬಿಡತ್ತೆ.”

“ಆಂಟಿ, ಕಾಲೆಲ್ಲ ಆಚೆ ಕಡೆಗಿದೆಯಲ್ಲ?”

“ಇದರ ಮನೆತನವೇ ಹಾಗೆ. ಮೊಟ್ಟೆ ಕಡೆಗೆ ಬೆನ್ನು, ಹೊಟ್ಟೆ ಆಚೆಗೆ. ಇದರ ದಾಯಾದಿಗಳಿದಾವೆ, ಅವು ಹೊಟ್ಟೆಗೇ ಅವುಚ್ಕೋತಾವೆ.”

“ಹಾಗಾದ್ರೆ ಇದಕ್ಕೆ ಮೊಟ್ಟೆ ಕಾಣಲ್ವಾ?”

“ಕಣ್ಣೇ ಇಲ್ವಲ್ಲೇ ಇದಕ್ಕೆ!”

ಹುಡುಗಿ ಗಾಜಿಗೆ ಮೂಗು ತಾಗುವಷ್ಟು ಬಗ್ಗಿ ನೋಡಿದಳು. “ನಮ್ಮಪ್ಪನೂ ಹೀಗೇ ಮಲಗೋದು,” ಎಂದಳು ಸಲೀಸಾಗಿ. “ಆ ಕಡೆ ತಿರುಗ್ಕೊಂಡು. ನಾನು ಬೆನ್ನಿಗೆ ಅಂಟ್ಕೊಂಡು ಮಲಗ್ತೀನಿ. ಅಪ್ಪಂಗೆ ಗೊತ್ತಾಗಲ್ಲ.”

ಮೇಡಂ ಸೀಸೆಗಳ ಕಡೆ ತಿರುಗಿದರು.

ಅವನಿಗೆ ಗೊತ್ತಾಗುತ್ತಿತ್ತು. ಆ ಪುಟ್ಟ ಉಸಿರು ಅಂಗಿಯ ಮೂಲಕ ಬೆಚ್ಚಗೆ ತಾಗಿದಾಗಲೆಲ್ಲ ಅವನು ಅಲುಗದೆ ಮಲಗಿರುತ್ತಿದ್ದ. ಗೊತ್ತಿದೆ ಎಂದು ಅವಳಿಗೆ ಹೇಳಬೇಕೆಂಬುದು ಮಾತ್ರ ಹೊಳೆದಿರಲಿಲ್ಲ. ಈಗ ಎಲ್ಲೋ ನೋವಾಯಿತು. ಅದು ನೋವೇ ಎಂದು ತಿಳಿಯಲು ಸ್ವಲ್ಪ ಹೊತ್ತು ಹಿಡಿಯಿತು.

ಅತ್ತೆ ಬಂದವರೇ ಬಟ್ಟೆಯ ಚೀಲಕ್ಕೆ ಕೈ ಹಾಕಿದರು. “ಎಲ್ಲಾ ತುಂಬಿದೀರಾ? ಸ್ವೆಟರ್ರು?”

“ಬೇಡ ಅತ್ತೆ. ಇವಳು ನನ್ ಹತ್ರಾನೇ ಇರ್ಲಿ.”

ಅವರು ಚೀಲ ಹಿಡಿದುಕೊಂಡೇ ನಿಂತರು. ಮಗಳು ಹೋದಳು, ಮೊಮ್ಮಗಳಾದರೂ ಕಣ್ಣೆದುರಿಗಿರುತ್ತಾಳೆ ಎಂದು ಆಸೆ ಕಟ್ಟಿಕೊಂಡು ಬಂದಿದ್ದರು. ಮುಖ ಸಪ್ಪಗಾಯಿತು.

“ಸಾಕೋದು ಅಂದ್ರೆ ಹುಡುಗಾಟನಾ? ಈ ತಲೆ ನೋಡಿ, ಗುಬ್ಬಿಗೂಡು! ಜಡೆ ಹಾಕೋಕೆ ಬರತ್ತಾ ನಿಮ್ಗೆ?”

“ಬರಲ್ಲ.”

“ಮತ್ತೆ?”

ಅವನು ಹೋಗಿ ಮಗಳ ಪಕ್ಕ ನಿಂತ. ‘ಆಯ್ತು’ ಎನ್ನಲಿಲ್ಲ. ಅತ್ತೆ ಮೊಮ್ಮಗಳನ್ನೇ ನೋಡುತ್ತ ನಿಂತು, ಸೆರಗಿನಲ್ಲಿ ಮೂಗೊರೆಸಿಕೊಂಡು, ಕೈಚೀಲದಿಂದ ಬಾಚಣಿಗೆ ತೆಗೆದು ಅವನ ಕೈಗೆ ತುರುಕಿದರು.

“ಮೂರು ಭಾಗ ಮಾಡಿ. ಎಡಗಡೇದನ್ನ ಮಧ್ಯಕ್ಕೆ ತನ್ನಿ. ಹಾಗಲ್ಲ, ಮೇಲಿಂದ.”

ಅವನು ಸ್ಟೂಲಿನ ಹಿಂದೆ ನಿಂತು ಕೂದಲು ಹಿಡಿದ. ಬೆರಳಿಗೆ ಹುಳುವಿನ ಸೀಸೆಗಳ ಸ್ಪಿರಿಟ್ಟಿನ ವಾಸನೆಯಿತ್ತು.

“ಅಪ್ಪಾ, ಎಳೀತಿದೆ.”

ಅವನು ಹೆಣೆದಷ್ಟನ್ನೂ ಬಿಚ್ಚಿ, ಮತ್ತೆ ಮೂರು ಭಾಗ ಮಾಡಿದ.